ತುದಿ ಮುಟ್ಟದಿದ್ದರೆ ಯಾತ್ರೆ ಪೂರ್ಣವಾಗುವುದೇ?

ಬೆಟ್ಟದ ಮೇಲಿನ ಕ್ಷೇತ್ರಗಳಿಗೆ ಬರುವ ಆಸ್ತಿಕ ಮಹಾಜನರಲ್ಲಿ ಹಲವರು ಒಂದು ಪ್ರಶ್ನೆಯನ್ನು ಕೇಳುವುದುಂಟು. "ಮಂಡಿ ನೋವು, ಮೇಲಿನವರೆಗೆ ಹತ್ತೋಕೆ ಆಗಲಿಲ್ಲ. ಅರ್ಧದಲ್ಲೇ ಕೈ ಮುಗಿದು ಇಳಿದುಬಿಟ್ಟೆವು. ಇದು ಯಾತ್ರೆ ಆಯಿತೋ ಇಲ್ಲವೋ?" ಅಂತ. ಕೇಳುವವರ ಮುಖದಲ್ಲಿ ಏನೋ ತಪ್ಪು ಮಾಡಿದ ಭಾವನೆ ಇರುತ್ತದೆ. ಜೊತೆಗೆ ಬಂದವರು "ನಾವಂತೂ ತುದಿ ಮುಟ್ಟಿ ಬಂದೆವಪ್ಪಾ" ಎಂದು ಹೇಳಿಕೊಳ್ಳುವಾಗ ಆ ಸಂಕಟ ಇನ್ನೂ ಹೆಚ್ಚುತ್ತದೆ. ಮೇಲ್ನೋಟಕ್ಕೆ ಇದು ಸಣ್ಣ ಪ್ರಶ್ನೆ. ಆದರೆ ವಿಚಾರ ಮಾಡುತ್ತಾ ಹೋದರೆ ಇದರೊಳಗೆ ಮನುಷ್ಯ ಜೀವನದ ಒಂದು ದೊಡ್ಡ ವಿಷಯವೇ ಅಡಗಿದೆ. ಏರಬೇಕು ಎನ್ನುವ ಆಸೆ ಎಲ್ಲರಿಗೂ ಇದೆ. ಎಲ್ಲಿ ನಿಲ್ಲಬೇಕು ಎಂಬ ತಿಳಿವಳಿಕೆ ಎಷ್ಟು ಜನರಿಗೆ ಇದೆ?

ಕೆಲವು ವರ್ಷಗಳ ಹಿಂದೆ ಕಾರ್ತಿಕ ಮಾಸದ ಒಂದು ಸೋಮವಾರ ಈ ಬೆಟ್ಟದಲ್ಲೇ ನಡೆದ ಸಂಗತಿ. ಹಾವೇರಿ ಕಡೆಯ ಒಬ್ಬ ರೈತ ಹರಕೆ ತೀರಿಸಲು ಬಂದಿದ್ದ. ಮಗನಿಗೆ ಜ್ವರ ಬಂದು, ಉಳಿಯುವುದೇ ಕಷ್ಟ ಎನ್ನುವಂತಾಗಿ, ಕಡೆಗೆ ಗುಣವಾಗಿತ್ತು. ಬರಿಗಾಲಲ್ಲಿ ಬೆಟ್ಟ ಹತ್ತಿ ಸನ್ನಿಧಿಯಲ್ಲಿ ಹಣ್ಣುಕಾಯಿ ಮಾಡಿಸುತ್ತೇನೆ ಅಂತ ಹರಕೆ. ಇನ್ನು ಸುಮಾರು ಮುನ್ನೂರು ಮೆಟ್ಟಿಲು ಇರುವಾಗ, ಒಬ್ಬ ಅಜ್ಜಿ ಎದೆ ಹಿಡಿದುಕೊಂಡು ಮೆಟ್ಟಿಲ ಮೇಲೆ ಕುಳಿತಿದ್ದು ಕಣ್ಣಿಗೆ ಬಿತ್ತು. ಮೈಯೆಲ್ಲಾ ಬೆವರು. ಮನೆಯವರು ಜನಸಂದಣಿಯಲ್ಲಿ ಮುಂದೆ ಹೋಗಿಬಿಟ್ಟಿದ್ದರು. ಅಂದು ಡೋಲಿಗಳೆಲ್ಲಾ ಮೇಲೆ ಹೋಗಿದ್ದವು. "ಅಯ್ಯೋ ಪಾಪ" ಅನ್ನುತ್ತಾ ಎಷ್ಟೋ ಜನ ದಾಟಿ ಹೋದರು. ಅವರು ಕೆಟ್ಟವರಲ್ಲ. ಒಬ್ಬೊಬ್ಬರಿಗೂ ಒಂದೊಂದು ಹರಕೆ, ಒಂದೊಂದು ಬಸ್ಸಿನ ಹೊತ್ತು. ಈ ರೈತ ಮಾತ್ರ ಅಜ್ಜಿಯನ್ನು ಬೆನ್ನ ಮೇಲೆ ಹೊತ್ತುಕೊಂಡು ಕೆಳಗಿಳಿದ. ಅಲ್ಲಿಂದ ಜೀಪಿನಲ್ಲಿ ತಾಲ್ಲೂಕು ಆಸ್ಪತ್ರೆಗೆ ಕರೆದುಕೊಂಡು ಹೋಗಿ, ಆಕೆಯ ಮಗ ಬರುವವರೆಗೆ ಪಕ್ಕದಲ್ಲೇ ಕುಳಿತ. ವಾಪಸ್ಸು ಬರುವಷ್ಟರಲ್ಲಿ ಕತ್ತಲಾಗಿ ಬಾಗಿಲು ಹಾಕಿತ್ತು. ಮರುದಿನ ಊರಿನಲ್ಲಿ ಮೆಕ್ಕೆಜೋಳದ ಕಟಾವು, ಆಳು ಗೊತ್ತು ಮಾಡಿ ಆಗಿತ್ತು. ಫೋನಿನಲ್ಲಿ ಹೆಂಡತಿ, "ಹರಕಿ ಅಂದ್ರ ಹರಕೀನ ರೀ. ದೇವರ ಸಾಲ ಇಟ್ಕೊಂಡು ಮನಿಗೆ ಬರಬ್ಯಾಡ್ರಿ, ಹುಡುಗಗ ಏನಾರ ಆದ್ರ?" ಎಂದು ಅತ್ತಳಂತೆ. ಕಾಯಿ ಹಿಡಿದ ಆ ಮನುಷ್ಯ ಅರ್ಚಕರ ಮುಂದೆ ನಿಂತು ಕೇಳಿದ: "ಸ್ವಾಮ್ಯಾರ, ನನ್ನ ಹರಕಿ ಮುಟ್ಟಿತೋ ಇಲ್ಲೋ?"

ಅರ್ಚಕರು ಏನು ಹೇಳಿದರು ಎಂಬುದನ್ನು ಕಡೆಯಲ್ಲಿ ನೋಡೋಣ. ಅದಕ್ಕೆ ಮೊದಲು ಈ ದೇಶದ ದೊಡ್ಡ ದೊಡ್ಡ ಬೆಟ್ಟಗಳು ಈ ವಿಷಯದಲ್ಲಿ ಏನು ಹೇಳುತ್ತವೆ ಎಂಬುದನ್ನು ವಿಚಾರ ಮಾಡುವುದು ಒಳ್ಳೆಯದು.

ಎತ್ತರವೇ ಹಿರಿಮೆಯಲ್ಲ

ಭಾರತದಲ್ಲಿ ಬೆಟ್ಟಗಳಿಗೆ ಕೊರತೆಯಿಲ್ಲ. ಕರ್ನಾಟಕದಲ್ಲಿ ಅತಿ ಎತ್ತರದ ಮುಳ್ಳಯ್ಯನಗಿರಿ ಸಮುದ್ರ ಮಟ್ಟದಿಂದ ಸುಮಾರು 1,930 ಮೀಟರ್ ಎತ್ತರವಿದೆ. ನೀಲಗಿರಿಯ ದೊಡ್ಡಬೆಟ್ಟ 2,637 ಮೀಟರ್. ಕೇರಳದ ಆನೆಮುಡಿ 2,695 ಮೀಟರ್, ದಕ್ಷಿಣ ಭಾರತಕ್ಕೆಲ್ಲಾ ಅದೇ ಎತ್ತರ. ಹಿಮಾಲಯಕ್ಕೆ ಹೋದರೆ ಈ ಲೆಕ್ಕವೆಲ್ಲಾ ಚಿಕ್ಕದಾಗುತ್ತದೆ. ಉತ್ತರಾಖಂಡದ ನಂದಾದೇವಿ 7,816 ಮೀಟರ್. ಸಿಕ್ಕಿಂ ಮತ್ತು ನೇಪಾಳದ ಗಡಿಯಲ್ಲಿರುವ ಕಾಂಚನಜುಂಗಾ 8,586 ಮೀಟರ್, ಪ್ರಪಂಚಕ್ಕೇ ಮೂರನೆಯ ಸ್ಥಾನ.

ಆದರೆ ಎತ್ತರವಿದ್ದ ಮಾತ್ರಕ್ಕೆ ಜನ ಕೈ ಮುಗಿಯುತ್ತಾರೆಯೇ ಎಂದರೆ ಹಾಗೇನೂ ಇಲ್ಲ. ಮಥುರೆಯ ಹತ್ತಿರದ ಗೋವರ್ಧನ ಗಿರಿಯನ್ನು ನೋಡಿದವರಿಗೆ ಗೊತ್ತು, ಅದು ಗಿರಿ ಎನ್ನುವುದಕ್ಕಿಂತ ಒಂದು ಉದ್ದನೆಯ ದಿಬ್ಬ. ದಿನಕ್ಕೊಂದು ಸಾಸಿವೆ ಕಾಳಿನಷ್ಟು ಅದು ಕುಗ್ಗುತ್ತಿದೆ ಎಂದು ಅಲ್ಲಿಯ ಜನ ಕಥೆ ಹೇಳುತ್ತಾರೆ. ಮಕ್ಕಳೂ ಹತ್ತಬಹುದಾದ ಆ ದಿಬ್ಬದ ಮೇಲೆ ನಿಷ್ಠಾವಂತ ಭಕ್ತರು ಕಾಲಿಡುವುದಿಲ್ಲ. ಸುಮಾರು 21 ಕಿಲೋಮೀಟರ್ ಸುತ್ತು ಹಾಕಿ ಬರುತ್ತಾರೆ. ತಮಿಳುನಾಡಿನ ತಿರುವಣ್ಣಾಮಲೆಯ ಅರುಣಾಚಲ ಸುಮಾರು 800 ಮೀಟರ್ ಎತ್ತರದ್ದು. ಅಲ್ಲಿಯೂ ಹುಣ್ಣಿಮೆ ಹುಣ್ಣಿಮೆಗೆ ಲಕ್ಷಾಂತರ ಜನ ಸುಮಾರು 14 ಕಿಲೋಮೀಟರ್ ಗಿರಿ ಪ್ರದಕ್ಷಿಣೆ ಮಾಡುತ್ತಾರೆ. ಭಾರತದಾಚೆ ಟಿಬೆಟ್ಟಿನಲ್ಲಿರುವ ಕೈಲಾಸ ಪರ್ವತ 6,638 ಮೀಟರ್. ಅದಕ್ಕಿಂತ ಎಷ್ಟೋ ಎತ್ತರದ ಶಿಖರಗಳನ್ನು ಮನುಷ್ಯ ಹತ್ತಿಬಿಟ್ಟಿದ್ದಾನೆ, ಕೈಲಾಸದ ತುದಿಗೆ ಹೋದವರು ಮಾತ್ರ ಇಲ್ಲ. 2020ರಲ್ಲಿ ನಿಂತುಹೋಗಿದ್ದ ಕೈಲಾಸ ಮಾನಸ ಸರೋವರ ಯಾತ್ರೆ 2025ರಲ್ಲಿ ಪುನಃ ಆರಂಭವಾದಾಗಲೂ ಯಾತ್ರಿಕರು ಹೋದದ್ದು ಸುತ್ತು ಬರುವುದಕ್ಕೆ. ಅಷ್ಟು ದೂರ, ಅಷ್ಟು ಖರ್ಚು, ಅಷ್ಟು ಚಳಿ ಸಹಿಸಿ ಹೋದವರಲ್ಲಿ ಯಾರೂ "ತುದಿ ಮುಟ್ಟಲಿಲ್ಲ, ಯಾತ್ರೆ ವ್ಯರ್ಥವಾಯಿತು" ಎಂದು ಅಳುವುದಿಲ್ಲ.

ಹಾಗೆಂದು ತುದಿಗೆ ಹೋಗುವುದೇ ತಪ್ಪು ಎಂದು ತಿಳಿಯಬಾರದು. ಮುಳ್ಳಯ್ಯನಗಿರಿಯ ತುದಿಯಲ್ಲೇ ಮುಳ್ಳಪ್ಪಸ್ವಾಮಿಯ ಗದ್ದುಗೆಯಿದೆ. ಮಹಾರಾಷ್ಟ್ರಕ್ಕೆ ಎತ್ತರವಾದ 1,646 ಮೀಟರಿನ ಕಳಸೂಬಾಯಿ ಶಿಖರದ ನೆತ್ತಿಯಲ್ಲಿ ಆ ತಾಯಿಯ ಪುಟ್ಟ ಗುಡಿಯಿದೆ. ಜಾರ್ಖಂಡಿನ ಪಾರಸನಾಥ ಬೆಟ್ಟ 1,365 ಮೀಟರ್, 24 ತೀರ್ಥಂಕರರಲ್ಲಿ 20 ಮಂದಿ ಮೋಕ್ಷ ಹೊಂದಿದ ಸ್ಥಳವೆಂದು ಜೈನರು ಅದನ್ನು ಭಕ್ತಿಯಿಂದ ಏರುತ್ತಾರೆ. ಆದ್ದರಿಂದ ತುದಿ ಮುಟ್ಟಬೇಕೋ ಬೇಡವೋ ಎಂಬುದು ಒಂದೊಂದು ಬೆಟ್ಟದ ಸಂಪ್ರದಾಯಕ್ಕೆ ಬಿಟ್ಟ ವಿಷಯ. ನಿಜವಾದ ಪ್ರಶ್ನೆ ಬೇರೆ ಇದೆ. ನಿಲ್ಲಬೇಕಾದ ಕಡೆ ನಿಲ್ಲುವ ಶಕ್ತಿ ಏರುವವನಲ್ಲಿ ಇದೆಯೇ? ಇದಕ್ಕೆ ಕಾಂಚನಜುಂಗಾದ ಕಥೆಯಷ್ಟು ಒಳ್ಳೆಯ ಉದಾಹರಣೆ ಇನ್ನೊಂದು ಸಿಗುವುದು ಕಷ್ಟ.

ನಾಲ್ಕು ಹೆಜ್ಜೆ ಬಿಟ್ಟವರು

ಸಿಕ್ಕಿಂ ಜನರಿಗೆ ಕಾಂಚನಜುಂಗಾ ಒಂದು ದೇವತೆ. ಆ ಹೆಸರಿಗೆ ಹಿಮದ ಐದು ಭಂಡಾರಗಳು ಎಂದು ಅರ್ಥ. 1955ರಲ್ಲಿ ಸಿಕ್ಕಿಂ ಇನ್ನೂ ರಾಜರ ಆಳ್ವಿಕೆಯಲ್ಲಿತ್ತು. ಭಾರತದ ರಾಜ್ಯವಾಗಿ ಸೇರಿದ್ದು 1975ರಲ್ಲಿ. ಆ 1955ರ ಬೇಸಿಗೆಯಲ್ಲಿ ಚಾರ್ಲ್ಸ್ ಇವಾನ್ಸ್ ಎಂಬ ವೈದ್ಯರ ನಾಯಕತ್ವದಲ್ಲಿ ಬ್ರಿಟಿಷರ ತಂಡವೊಂದು ನೇಪಾಳದ ಕಡೆಯಿಂದ ಈ ಶಿಖರವನ್ನು ಏರಲು ಹೊರಟಿತು. ಅಲ್ಲಿಯವರೆಗೆ ಯಾರೂ ಅದನ್ನು ಏರಿರಲಿಲ್ಲ. ಏರಲು ಹೋಗಿ ಸತ್ತವರೂ ಇದ್ದರು. "ನಮ್ಮ ದೇವರ ತಲೆಯ ಮೇಲೆ ಕಾಲಿಡಬಾರದು" ಎಂಬುದು ಸಿಕ್ಕಿಂನವರ ಭಾವನೆ. ತುದಿಯನ್ನು ತುಳಿಯುವುದಿಲ್ಲ ಎಂದು ಇವಾನ್ಸ್ ಮಾತು ಕೊಟ್ಟರು.

ಮೇ 25ನೇ ತಾರೀಖು ಜೋ ಬ್ರೌನ್ ಮತ್ತು ಜಾರ್ಜ್ ಬ್ಯಾಂಡ್ ಎಂಬ ಇಬ್ಬರು ಮೇಲೆ ತಲುಪಿದರು. ಬ್ರೌನ್ ಮ್ಯಾಂಚೆಸ್ಟರಿನ ಬಡ ಕುಟುಂಬದವರು, ಕೊಳಾಯಿ ಕೆಲಸ ಕಲಿತವರು. ಬ್ಯಾಂಡ್ ಕೇಂಬ್ರಿಡ್ಜಿನಲ್ಲಿ ಓದಿದವರು. ಎದುರಿಗೆ ಕೆಲವೇ ಅಡಿಗಳಷ್ಟು ಹಿಮದ ದಿಬ್ಬ ಉಳಿದಿತ್ತು. ಮೇಲಕ್ಕೆ ಹೋಗುವುದು ಕಷ್ಟವೇನೂ ಇರಲಿಲ್ಲ. ಇಬ್ಬರೂ ಅಲ್ಲೇ ನಿಂತು, ತುದಿಯನ್ನು ಹಾಗೇ ಬಿಟ್ಟು ಇಳಿದರು. ಮರುದಿನ ನಾರ್ಮನ್ ಹಾರ್ಡಿ ಮತ್ತು ಟೋನಿ ಸ್ಟ್ರೀದರ್ ಎಂಬ ಇನ್ನಿಬ್ಬರು ಬಂದು ಅದೇ ರೀತಿ ಮಾಡಿದರು. 1977ರಲ್ಲಿ ಕರ್ನಲ್ ನರೇಂದ್ರ ಕುಮಾರ್ ನಾಯಕತ್ವದ ಭಾರತೀಯ ಸೇನೆಯ ತಂಡ ಸಿಕ್ಕಿಂ ಕಡೆಯ ಕಠಿಣ ಮಾರ್ಗದಿಂದ ಏರಿದಾಗಲೂ ತುದಿಯನ್ನು ತುಳಿಯದೆ ಗೌರವಿಸಿತು. ಮುಂದೆ 2001ರಲ್ಲಿ ಸಿಕ್ಕಿಂ ಸರ್ಕಾರ ಕಾಂಚನಜುಂಗಾ ಸೇರಿದಂತೆ ಕೆಲವು ಶಿಖರಗಳನ್ನು ಪವಿತ್ರವೆಂದು ಸಾರಿ ಅವುಗಳನ್ನು ಏರುವುದನ್ನೇ ನಿಷೇಧಿಸಿತು.

ಭಕ್ತಾದಿಗಳು ಇಲ್ಲಿ ಒಂದು ಅಂಶವನ್ನು ಗಮನಿಸಬೇಕು. 1955ರಲ್ಲಿ ಆ ಎತ್ತರದಲ್ಲಿ ನೋಡುವವರು ಯಾರಿದ್ದರು? ತುಳಿದು ಬಂದು "ತುಳಿದಿಲ್ಲ" ಎಂದಿದ್ದರೆ ಕೇಳುವವರು ಯಾರು? ಬ್ರೌನ್ ಮತ್ತು ಬ್ಯಾಂಡ್ ಅವರಿಗೆ ಅದು ತಮ್ಮ ದೇವರೂ ಅಲ್ಲ, ತಮ್ಮ ದೇಶವೂ ಅಲ್ಲ. ಆದರೂ ಇನ್ನೊಬ್ಬರ ಭಕ್ತಿಗೆ ಬೆಲೆ ಕೊಟ್ಟು, ಕೊಟ್ಟ ಮಾತಿಗೆ ಕಟ್ಟುಬಿದ್ದು, ಜನ್ಮದಲ್ಲಿ ಮತ್ತೆ ಸಿಗದ ನಾಲ್ಕು ಹೆಜ್ಜೆಯನ್ನು ಬಿಟ್ಟರು. ಇಷ್ಟಾಗಿಯೂ ಕಾಂಚನಜುಂಗಾವನ್ನು ಮೊದಲು ಏರಿದವರು ಯಾರು ಎಂದು ಕೇಳಿದರೆ ಲೋಕ ಇವರ ಹೆಸರನ್ನೇ ಹೇಳುತ್ತದೆ. ಆ ನಾಲ್ಕು ಹೆಜ್ಜೆಯಿಂದ ಅವರ ಏರಿಕೆಗೆ ಏನೂ ಕೊರತೆಯಾಗಲಿಲ್ಲ.

ನಮ್ಮ ಪುರಾಣದಲ್ಲಿ ವಿಂಧ್ಯ ಪರ್ವತದ ಕಥೆ ಎಲ್ಲರಿಗೂ ಗೊತ್ತೇ ಇದೆ. ಸೂರ್ಯನಿಗೇ ಅಡ್ಡ ಬರುವಂತೆ ಬೆಳೆಯುತ್ತಿದ್ದ ವಿಂಧ್ಯನ ಹತ್ತಿರ ಅಗಸ್ತ್ಯರು ಬಂದು, "ದಕ್ಷಿಣಕ್ಕೆ ಹೋಗುತ್ತಿದ್ದೇನೆ, ಹಿಂದಿರುಗುವವರೆಗೆ ಹೀಗೇ ಬಾಗಿರು" ಎಂದರಂತೆ. ಅಗಸ್ತ್ಯರು ಹಿಂದಿರುಗಲಿಲ್ಲ, ವಿಂಧ್ಯ ತಲೆ ಎತ್ತಲಿಲ್ಲ. ಇಂದಿಗೂ ಆ ಪರ್ವತದ ಹೆಚ್ಚಿನ ಭಾಗ 700 ಮೀಟರನ್ನು ದಾಟುವುದಿಲ್ಲ. ಈ ಕಥೆಯನ್ನು ಅಗಸ್ತ್ಯರ ಜಾಣತನಕ್ಕಾಗಿ ಹೇಳುವುದು ರೂಢಿ. ಆದರೆ ಯಾರೂ ಕಾವಲಿಲ್ಲದಿದ್ದರೂ ಮಾತಿಗೆ ನಿಂತ ವಿಂಧ್ಯನ ಹಿರಿಮೆ ಅದಕ್ಕಿಂತ ಕಡಿಮೆಯೇನಲ್ಲ.

ನಿಲ್ಲದೆ ಹೋದರೆ ಏನಾಗುತ್ತದೆ

ಸಮಯಕ್ಕೆ ಸರಿಯಾಗಿ ನಿಲ್ಲದಿದ್ದರೆ ಏನಾಗುತ್ತದೆ ಎಂಬುದಕ್ಕೆ ನಂದಾದೇವಿಯೇ ಸಾಕ್ಷಿ. ಗಢವಾಲ ಮತ್ತು ಕುಮಾವೂ ಪ್ರಾಂತ್ಯದವರಿಗೆ ನಂದಾದೇವಿ ಮನೆಮಗಳು. ಶಿವನಿಗೆ ಕೊಟ್ಟ ಆ ಮಗಳನ್ನು ಗಂಡನ ಮನೆಗೆ ಕಳಿಸಿಕೊಡಲು ಅವರು ನಂದಾದೇವಿ ರಾಜಜಾತ್ ಎಂಬ ಯಾತ್ರೆ ಮಾಡುತ್ತಾರೆ. ಹನ್ನೆರಡು ವರ್ಷಕ್ಕೊಮ್ಮೆ ನಡೆಯಬೇಕೆಂಬ ಪದ್ಧತಿಯ ಈ ಯಾತ್ರೆ 2014ರಲ್ಲಿ ನಡೆದಿತ್ತು. ನೌಟಿ ಎಂಬ ಹಳ್ಳಿಯಿಂದ ಹೋಮಕುಂಡದವರೆಗೆ ದಿನಗಟ್ಟಲೆ ನಡಿಗೆ. ಮುಂದೆ ಮುಂದೆ ನಾಲ್ಕು ಕೊಂಬಿನ ಟಗರು. ಹೋಮಕುಂಡ ಬಂದ ಮೇಲೆ ಟಗರಿನ ಬೆನ್ನಿಗೆ ಉಡುಗೊರೆ ಕಟ್ಟಿ ಹಿಮದ ಕಡೆ ಬಿಡುತ್ತಾರೆ. ಜನ ಅಲ್ಲೇ ನಿಂತು, ಕಣ್ಣೀರು ಒರೆಸಿಕೊಂಡು ಹಿಂದಿರುಗುತ್ತಾರೆ. ಮಗಳನ್ನು ಕಳಿಸುವಾಗ ನಮ್ಮ ಕಡೆ ಊರ ಗಡಿಯವರೆಗೆ ಬಂದು ನಿಲ್ಲುವುದಿಲ್ಲವೇ, ಹಾಗೆ. ಗಂಡನ ಮನೆಯ ಒಳಗೆ ನುಗ್ಗುವುದು ತವರಿನವರಿಗೆ ಮರ್ಯಾದೆಯಲ್ಲ.

ಆದರೆ ಹೊರಗಿನವರಿಗೆ ಈ ಗಡಿ ಕಾಣಿಸಲಿಲ್ಲ. 1934ರಲ್ಲಿ ಎರಿಕ್ ಶಿಪ್ಟನ್ ಮತ್ತು ಬಿಲ್ ಟಿಲ್ಮನ್ ಎಂಬಿಬ್ಬರು ಮೂವರು ಶೆರ್ಪಾಗಳ ಜೊತೆ ಋಷಿಗಂಗೆಯ ಕಡಿದಾದ ಕಣಿವೆಯಲ್ಲಿ ದಾರಿ ಹುಡುಕಿದರು. 1936ರ ಆಗಸ್ಟ್ 29ರಂದು ಟಿಲ್ಮನ್ ಮತ್ತು ಓಡೆಲ್ ಶಿಖರ ಮುಟ್ಟಿದರು. 1964ರಲ್ಲಿ ಭಾರತೀಯರ ತಂಡವೂ ಏರಿತು. ಅವರ ಸಾಹಸ ದೊಡ್ಡದು, ಅದನ್ನು ಅಲ್ಲಗಳೆಯುವಂತಿಲ್ಲ. ತೊಂದರೆಯಾದದ್ದು ಆಮೇಲೆ. 1974ರಿಂದ ತಂಡದ ಮೇಲೆ ತಂಡ ಬರತೊಡಗಿತು. ಅಡುಗೆಗೆಂದು ಮರಗಿಡ ಕಡಿದರು, ಡಬ್ಬ ಕಸವನ್ನು ಅಲ್ಲೇ ಎಸೆದರು. ಕಡೆಗೆ 1982ರಲ್ಲಿ ಅದನ್ನು ರಾಷ್ಟ್ರೀಯ ಉದ್ಯಾನವೆಂದು ಘೋಷಿಸಿ, 1983ರಲ್ಲಿ ಒಳಭಾಗಕ್ಕೆ ಪ್ರವೇಶ ಮುಚ್ಚಬೇಕಾಯಿತು. 1993ರಲ್ಲಿ ಸೇನೆಯ ಒಂದು ತಂಡ ಹೋಗಿ ಹಳೆಯ ಕಸವನ್ನು ಹೊತ್ತು ತಂದಿತು.

ಇದರಿಂದ ಬೆಟ್ಟಕ್ಕೆ ಒಳ್ಳೆಯದಾಯಿತು. ಆದರೆ ಪೆಟ್ಟು ಬಿದ್ದದ್ದು ಯಾರಿಗೆ? ಲಾತಾ, ರೇಣಿ ಮೊದಲಾದ ಬುಡದ ಹಳ್ಳಿಯವರಿಗೆ. ಕುರಿ ಮೇಯಿಸುವ ಹುಲ್ಲುಗಾವಲು ಹೋಯಿತು, ಯಾತ್ರಿಗಳ ಹೊರೆ ಹೊತ್ತು ಸಿಗುತ್ತಿದ್ದ ಕೂಲಿಯೂ ಹೋಯಿತು. ಈ ರೇಣಿ ಗ್ರಾಮದಲ್ಲೇ 1974ರ ಮಾರ್ಚ್‌ನಲ್ಲಿ ಗೌರಾದೇವಿ ಎಂಬ ತಾಯಿ ಊರ ಹೆಂಗಸರನ್ನು ಕಟ್ಟಿಕೊಂಡು ಹೋಗಿ, ಮರ ಕಡಿಯಲು ಬಂದವರಿಗೆ ಅಡ್ಡ ನಿಂತು ಕಾಡನ್ನು ಉಳಿಸಿದ್ದು. ಕಾಡು ಉಳಿಸಿದವರೇ ಕಾಡಿನ ಹೊರಗೆ ನಿಂತರು. ಹತ್ತಿದವರು ಹೆಸರು ತೆಗೆದುಕೊಂಡು ಹೋದರು, ಅದರ ಸಾಲ ತೀರಿಸಿದವರು ಬುಡದಲ್ಲಿದ್ದ ಬಡವರು.

ಕರ್ನಾಟಕದ ಕುದುರೆಮುಖವೂ ಇದೇ ಪಾಠ ಹೇಳುತ್ತದೆ. ತುಂಗಾ, ಭದ್ರಾ, ನೇತ್ರಾವತಿ ಹುಟ್ಟುವ ಆ ಗಿರಿಸಾಲಿನಲ್ಲಿ ವರ್ಷಗಟ್ಟಲೆ ಕಬ್ಬಿಣದ ಅದಿರು ತೆಗೆದರು. ಮಳೆಗಾಲದಲ್ಲಿ ಭದ್ರೆಗೆ ಮಣ್ಣು ಸೇರಿತು. ಸುಪ್ರೀಂ ಕೋರ್ಟಿನ ಆದೇಶದಂತೆ 2005ರ ಕೊನೆಗೆ ಗಣಿ ನಿಂತಿತು. ಬೆಟ್ಟ ಉಳಿಯಿತು, ಅದನ್ನೇ ನಂಬಿ ಬಂದ ಕಾರ್ಮಿಕರ ಮನೆಗಳಲ್ಲಿ ಚಿಂತೆ ಉಳಿಯಿತು. ತಾನಾಗಿ ನಿಲ್ಲುವವನು ತನ್ನದನ್ನು ಬಿಟ್ಟು ನಿಲ್ಲುತ್ತಾನೆ. ಬಲವಂತದಿಂದ ನಿಲ್ಲಿಸುವ ಹೊತ್ತಿಗೆ ಹೆಚ್ಚಾಗಿ ಇನ್ನೊಬ್ಬರ ಅನ್ನ ಹೋಗಿರುತ್ತದೆ. ಸಮಯಕ್ಕೆ ಸರಿಯಾಗಿ ನಿಲ್ಲುವುದು ಧರ್ಮ ಎನ್ನುವುದು ಇದಕ್ಕೇ.

ಸೋಮಾರಿಯೂ ನಿಲ್ಲುತ್ತಾನಲ್ಲ?

ಇಲ್ಲಿ ಕೆಲವರು ಕೇಳಬಹುದು, "ಹಾಗಾದರೆ ಹತ್ತು ಮೆಟ್ಟಿಲು ಹತ್ತಿ, ಸಾಕಪ್ಪಾ ಅಂತ ಕುಳಿತವನೂ ಪುಣ್ಯವಂತನೇ?" ಎಂದು. ಪ್ರಶ್ನೆ ಸರಿಯಾಗಿಯೇ ಇದೆ. ನಿಂತವರೆಲ್ಲಾ ಒಂದೇ ಅಲ್ಲ. ತನ್ನ ಸುಖಕ್ಕಾಗಿ ನಿಂತರೆ ಅದು ಸೋಮಾರಿತನ. ಇನ್ನೊಂದು ಜೀವಕ್ಕಾಗಿ, ಇನ್ನೊಬ್ಬರ ಭಕ್ತಿಗಾಗಿ ನಿಂತರೆ ಅದು ತ್ಯಾಗ. ಮಂಡಿ ನೋವಿನಿಂದ ನಿಂತವರು ಇವೆರಡಕ್ಕೂ ಸೇರಿದವರಲ್ಲ. ಅವರು ತಮ್ಮ ಶಕ್ತಿ ಇರುವಷ್ಟನ್ನು ಕೊಟ್ಟಿದ್ದಾರೆ, ಇಲ್ಲದ್ದನ್ನು ದೇವರೂ ಕೇಳುವುದಿಲ್ಲ. ಅಂಥವರು ಅಪರಾಧಿ ಭಾವನೆ ಇಟ್ಟುಕೊಳ್ಳುವ ಅಗತ್ಯವೇ ಇಲ್ಲ.

ಹಾವೇರಿಯ ರೈತನ ಪ್ರಶ್ನೆ ಇವೆಲ್ಲಕ್ಕಿಂತ ಕಷ್ಟದ್ದು. ಕಾಂಚನಜುಂಗಾ ಏರಿದವರು ನಿಂತದ್ದರಿಂದ ಕೊಟ್ಟ ಮಾತು ಉಳಿಯಿತು. ಈತ ನಿಂತದ್ದರಿಂದ ಕೊಟ್ಟ ಮಾತು ತಪ್ಪಿತು. ಹರಕೆಯೂ ಒಂದು ಮಾತೇ ಅಲ್ಲವೇ? ಆದ್ದರಿಂದ ಆತನ ಹೆಂಡತಿ ಅತ್ತದ್ದನ್ನು ಮೂಢನಂಬಿಕೆ ಎಂದು ತಳ್ಳಿಹಾಕುವಂತಿಲ್ಲ. ಮಗನ ಜೀವ ಉಳಿಯಿತು ಎಂಬ ಕೃತಜ್ಞತೆ ಆ ಕಣ್ಣೀರಿನಲ್ಲಿದೆ, ಪಡೆದ ಸಾಲವನ್ನು ತೀರಿಸಬೇಕು ಎಂಬ ನಿಯತ್ತು ಇದೆ.

ಹೀಗಿರಲಾಗಿ ಎರಡರಲ್ಲಿ ಯಾವುದು ದೊಡ್ಡದು? ಅಂದು ಅರ್ಚಕರು ಕೊಟ್ಟ ಉತ್ತರ ಇಷ್ಟೇ: "ನೋಡಪ್ಪಾ, ಹರಕೆಗೆ ಇನ್ನೊಂದು ದಿನ ಇದೆ. ಆ ತಾಯಿಯ ಉಸಿರಿಗೆ ಇನ್ನೊಂದು ದಿನ ಇರಲಿಲ್ಲ. ನೀನು ಮಾತು ತಪ್ಪಿಲ್ಲ, ಮುಂದಕ್ಕೆ ಹಾಕಿದ್ದೀಯ. ಕಾಯಿಯನ್ನು ಕೆಳಗಿನ ಪಾದದ ಹತ್ತಿರ ಒಡೆದು ಹೋಗು. ಮುಂದಿನ ಕಾರ್ತಿಕಕ್ಕೆ ಮನೆಯವರನ್ನೂ ಮಗನನ್ನೂ ಕರೆದುಕೊಂಡು ಬಾ." ಆತ ಕೆಳಗಿನ ಪಾದದಲ್ಲಿ ಕಾಯಿ ಒಡೆದು ಊರಿಗೆ ಹೋದ. ಪೂರ್ತಿ ಸಮಾಧಾನವಾದಂತೆ ಕಾಣಲಿಲ್ಲ. ಮರುವರ್ಷ ಮೂವರೂ ಬಂದರು. ಹುಡುಗ ಮೆಟ್ಟಿಲು ಎಣಿಸುತ್ತಾ ಮುಂದೆ ಓಡಿದ. ಅಜ್ಜಿ ಕುಳಿತಿದ್ದ ಮೆಟ್ಟಿಲ ಹತ್ತಿರ ಬಂದಾಗ ಗಂಡ ಕೈ ತೋರಿಸಿ "ಇಲ್ಲೇ" ಎಂದ. ಆ ಹೆಣ್ಣುಮಗಳು ಮಾತಾಡಲಿಲ್ಲ. ಆ ಮೆಟ್ಟಿಲಿಗೂ ಒಂದು ಚಿಟಿಕೆ ಅರಿಶಿನ ಕುಂಕುಮ ಹಚ್ಚಿ, ಆಮೇಲೆ ಮೇಲಕ್ಕೆ ಹೋದಳು.

ಈ ಬೆಟ್ಟ ಹಿಮಾಲಯವಲ್ಲ. ಇಲ್ಲಿಯ ತುದಿಯನ್ನು ಮುಟ್ಟಬಾರದೆಂಬ ಕಟ್ಟುಪಾಡೂ ಇಲ್ಲ. ಶಕ್ತಿಯಿದ್ದವರು ಸಂತೋಷವಾಗಿ ಹತ್ತಬೇಕು. ಹತ್ತುವಾಗ ಹಿಂದೆ ಉಳಿದ ವಯಸ್ಸಾದವರ ಕಡೆ ಒಮ್ಮೆ ತಿರುಗಿ ನೋಡಬೇಕು. ಡೋಲಿ ಹೊರುವವನು ಒಂದು ನಿಮಿಷ ನಿಂತು ಉಸಿರು ತೆಗೆದುಕೊಂಡರೆ "ಬೇಗ ನಡೆಯಪ್ಪಾ" ಎಂದು ಅವಸರ ಮಾಡಬಾರದು. ಕುಡಿದ ನೀರಿನ ಬಾಟಲಿಯನ್ನು ಪೊದೆಗೆ ಎಸೆಯದೆ ಕೈಯಲ್ಲೇ ಹಿಡಿದು ಇಳಿದರೆ, ಬೆಳಗಿನ ಜಾವ ಗೋಣಿಚೀಲ ಹಿಡಿದು ಹೊರಡುವ ಹೆಂಗಸರಿಗೆ ಅಷ್ಟು ಹೊರೆ ಕಡಿಮೆಯಾಗುತ್ತದೆ. ನಂದಾದೇವಿಯ ಬುಡದಲ್ಲಿದ್ದಂತೆ, ಪ್ರತಿ ಬೆಟ್ಟದ ಬುಡದಲ್ಲೂ ಇನ್ನೊಬ್ಬರ ಹೊರೆ ಹೊರುವ ಬಡವರಿದ್ದಾರೆ. ಯಾತ್ರೆಯ ಲೆಕ್ಕದಲ್ಲಿ ಅವರನ್ನು ಮರೆಯಬಾರದು.

ಇನ್ನು ಮೊದಲಿನ ಪ್ರಶ್ನೆ. ಅರ್ಧದಲ್ಲಿ ನಿಂತವರ ಯಾತ್ರೆ ಪೂರ್ಣವಾಗುತ್ತದೆಯೇ? ನಾಲ್ಕು ಹೆಜ್ಜೆ ಬಿಟ್ಟು ಇಳಿದವರ ಹೆಸರನ್ನು ಲೋಕ ಇಂದಿಗೂ ನೆನೆಯುತ್ತಿದೆ. ಮುನ್ನೂರು ಮೆಟ್ಟಿಲು ಬಿಟ್ಟು ಇಳಿದವನ ಹೆಸರು ಈ ಪುಸ್ತಕದಲ್ಲೂ ಇಲ್ಲ. ಆದರೆ ಅಂದು ಆತ ಬೆನ್ನ ಮೇಲೆ ಹೊತ್ತು ಇಳಿಸಿದ್ದು ಒಂದು ಜೀವವನ್ನು. ಅದಕ್ಕಿಂತ ಎತ್ತರದ ಸನ್ನಿಧಿ ಯಾವ ಬೆಟ್ಟದ ಮೇಲಿದೆ ಎಂಬುದನ್ನು ಭಕ್ತಾದಿಗಳೇ ಇಳಿಯುವ ದಾರಿಯಲ್ಲಿ ವಿಚಾರ ಮಾಡಲಿ.

ಎಲ್ಲರ ಯಾತ್ರೆಯೂ ಸುಖಕರವಾಗಲಿ. ಶುಭಮಸ್ತು.